ತಂಗಿಯ ಹೆಸರಿಲ್ಲದ ಅಧ್ಯಾಯ

ಮೊದಲ ದಿನವೇ ನಾನು ಚಪ್ಪಲಿ ಬಿಚ್ಚಿಟ್ಟು ಕೆಲಸಕ್ಕೆ ಕೂತೆ. ಮೇಜಿನ ಕೆಳಗೆ ಹೊಲಿಗೆ ಯಂತ್ರಕ್ಕಿರುವಂಥ ಒಂದು ಪೆಡಲ್ ಇತ್ತು. ಒತ್ತಿದರೆ ಕ್ಯಾಸೆಟ್ ಓಡುತ್ತದೆ, ಬಿಟ್ಟರೆ ನಿಲ್ಲುತ್ತದೆ, ಹಿಮ್ಮಡಿಯಿಂದ ಒತ್ತಿದರೆ ನಾಲ್ಕು ಮಾತು ಹಿಂದಕ್ಕೆ ಹೋಗುತ್ತದೆ. ಸೀರೆಯ ನೆರಿಗೆ ಸಿಕ್ಕಿಕೊಳ್ಳದ ಹಾಗೆ ಎತ್ತಿ ಸಿಕ್ಕಿಸಿ, ಹೆಡ್‌ಫೋನ್ ಹಾಕಿಕೊಂಡು ಒತ್ತಿದೆ. ಯಾರೋ ನನ್ನ ಕಿವಿಯ ಪಕ್ಕದಲ್ಲೇ ಉಸಿರೆಳೆದುಕೊಂಡು, ಗಾಜಿನ ಲೋಟ ಕೆಳಗಿಟ್ಟು, "ನಾನು ಹುಟ್ಟಿದ ಊರಿನಲ್ಲಿ ಎಲ್ಲರ ಬೆರಳಿಗೂ ರೇಷ್ಮೆಯ ಬಣ್ಣ ಹತ್ತಿಕೊಂಡಿರುತ್ತಿತ್ತು" ಎಂದರು. ಬೆಚ್ಚಿ ಹಿಂದಕ್ಕೆ ತಿರುಗಿದೆ. ಕೋಣೆಯಲ್ಲಿ ಯಾರೂ ಇರಲಿಲ್ಲ. ಆ ಧ್ವನಿಯ ಒಡತಿ ಹೊರಗೆ ಕಾಲುವೆಯ ದಂಡೆಯ ಮೇಲೆ ತಮ್ಮ ಮುದಿ ನಾಯಿಯ ಜೊತೆ ನಡೆದು ಹೋಗುತ್ತಿದ್ದುದು ಕಿಟಕಿಯಿಂದ ಕಾಣುತ್ತಿತ್ತು.

ಅದು ಎಪ್ಪತ್ತರ ದಶಕದ ಮೊದಲ ವರ್ಷಗಳ ಮಾತು. ನನ್ನ ಯಜಮಾನರು ಅಮೆರಿಕದ ನ್ಯೂಜೆರ್ಸಿಯಲ್ಲಿ, ಪ್ರಿನ್ಸ್‌ಟನ್ ಹತ್ತಿರದ ಒಂದು ಔಷಧಿ ಕಂಪನಿಯಲ್ಲಿ ಕೆಮಿಸ್ಟ್. ಸೂಪರ್‌ಮಾರ್ಕೆಟ್ಟಿನ ನೋಟೀಸ್ ಬೋರ್ಡಿನಲ್ಲಿ ಒಂದು ಚೀಟಿ ಕಂಡು ಕಿತ್ತುಕೊಂಡು ಬಂದವರು ಅವರೇ. "ಟೈಪಿಸ್ಟ್ ಬೇಕು, ತಾಳ್ಮೆ ಇರಬೇಕು" ಎಂದಿತ್ತು. ಮೈಸೂರಿನ ಒಂದು ಸರಕಾರಿ ಕಚೇರಿಯಲ್ಲಿ ಸ್ಟೆನೋ ಆಗಿದ್ದ ನನಗೆ ಟೈಪಿಂಗ್ ಬೇಕಾದಷ್ಟು ಬರುತ್ತಿತ್ತು, ತಾಳ್ಮೆ ಇದೆಯೆಂದು ನಾನೇ ಅಂದುಕೊಂಡಿದ್ದೆ. ಹೋಗಿ ನೋಡಿದರೆ ಅದು ನಲವತ್ತು, ಐವತ್ತರ ದಶಕಗಳಲ್ಲಿ ಸಿನಿಮಾಗಳಲ್ಲಿ ನಟಿಸಿ, ಆಮೇಲೆ ನಾಟಕ ಕಂಪನಿಗಳೊಂದಿಗೆ ಊರೂರು ತಿರುಗಿ, ಕೊನೆಗೆ ಕಾಲುವೆ ಪಕ್ಕದ ಹಳೆಯ ಮನೆಯಲ್ಲಿ ನೆಲೆಸಿದ್ದ ನಟಿಯೊಬ್ಬರ ಮನೆ. ಅವರು ತಮ್ಮ ಜೀವನ ಚರಿತ್ರೆಯನ್ನು ಟೇಪಿಗೆ ಹೇಳುತ್ತಿದ್ದರು. ಅದನ್ನು ಕೇಳಿ ಕೇಳಿ ಟೈಪ್ ಮಾಡುವುದು ನನ್ನ ಕೆಲಸ. ನಾನು ಅವರ ಹೆಸರೇ ಕೇಳಿರಲಿಲ್ಲ. ಯಜಮಾನರು ಮಾತ್ರ ಕುಣಿದಾಡಿಬಿಟ್ಟರು.

"ಏ, ಇವಳನ್ನ ಮೈಸೂರಲ್ಲಿ ಬೆಳಗಿನ ಆಟದಲ್ಲಿ ನೋಡಿದ್ದೀನಿ ಕಣೇ! ಕಾಲೇಜಿಗೆ ಚಕ್ಕರ್ ಹಾಕಿ ಹೋಗ್ತಿದ್ವಿ. ಹೀರೋಯಿನ್ ಅಲ್ಲ, ಹೀರೋಯಿನ್ ಫ್ರೆಂಡು. ರೇನ್‌ಕೋಟ್ ಹಾಕ್ಕೊಂಡು ಮೆಟ್ಟಿಲಿಳ್ಕೊಂಡು ಬರ್ತಾಳೆ ನೋಡು..."

"ಮೆಟ್ಟಿಲಿಳಿದು ಏನು ಮಾಡ್ತಾರೆ?"

"ಏನೂ ಇಲ್ಲ. ಇಳೀತಾಳೆ, ಅಷ್ಟೇ. ಆದ್ರೆ ಏನು ಇಳಿಯೋದು ಅಂತೀಯ!"

ಆ ಮೆಟ್ಟಿಲಿನ ಕಥೆ ಆರನೆಯ ಟೇಪಿನಲ್ಲಿ ಬಂತು. ಹದಿನಾಲ್ಕು ಸಲ ಇಳಿಸಿದರಂತೆ. ಕೆಳಗೆ ನೋಡುವ ಹಾಗಿಲ್ಲ, ನೆಲದ ಮೇಲೆ ಸೀಮೆಸುಣ್ಣದಿಂದ ಗೀಚಿದ ಗುರುತಿನ ಮೇಲೆ ಸರಿಯಾಗಿ ಬಂದು ನಿಲ್ಲಬೇಕು, ನಿಂತ ಕ್ಷಣಕ್ಕೆ ದೀಪದ ಕಡೆಗೆ ಅರ್ಧ ಮುಖ ತಿರುಗಬೇಕು. ಮನಸ್ಸಿನಲ್ಲೇ ಮೆಟ್ಟಿಲು ಎಣಿಸಿಕೊಂಡು ತುಟಿ ಅಲುಗದ ಹಾಗೆ ಇಳಿಯುವುದನ್ನು ಕಲಿತೆ ಎನ್ನುತ್ತಿದ್ದರು. ಅದನ್ನು ಟೈಪ್ ಮಾಡಿದ ದಿನ ನಾನು ನಮ್ಮ ಅಪಾರ್ಟ್‌ಮೆಂಟಿನ ಮೆಟ್ಟಿಲನ್ನು ಹಾಗೇ ಇಳಿದು ನೋಡಿದೆ. ಕೊನೆಯ ಮೆಟ್ಟಿಲು ಲೆಕ್ಕ ತಪ್ಪಿ ಲಾಂಡ್ರಿ ಬುಟ್ಟಿ ಸಮೇತ ಮುಗ್ಗರಿಸಿದೆ.

ಬೆಳಿಗ್ಗೆ ಎಂಟಕ್ಕೆ ಯಜಮಾನರು ಬಿಟ್ಟು ಹೋಗುತ್ತಿದ್ದರು, ಸಂಜೆ ಐದೂವರೆಗೆ ಬಂದು ಕರೆದುಕೊಂಡು ಹೋಗುತ್ತಿದ್ದರು. ಆ ನಡುವಿನ ಹೊತ್ತೆಲ್ಲ ನಾನು ಎಲ್ಲಿರುತ್ತಿದ್ದೆನೋ ನನಗೇ ಗೊತ್ತಿಲ್ಲ. ಕಿಟಕಿಯಾಚೆ ಕಾಲುವೆಯಿಂದ ಮಂಜು ಎದ್ದು ಮರಗಳ ಸೊಂಟದವರೆಗೆ ನಿಲ್ಲುತ್ತಿತ್ತು. ಕಿವಿಯಲ್ಲಿ ಆ ಧ್ವನಿ. ರೇಷ್ಮೆ ಗಿರಣಿಯ ಊರು, ಹದಿನಾಲ್ಕರ ಹುಡುಗಿಯನ್ನು ಸೌಂದರ್ಯ ಸ್ಪರ್ಧೆಗಳಿಗೆ ಕರೆದೊಯ್ಯುವ ತಾಯಿ, ಕ್ಯಾಲಿಫೋರ್ನಿಯಾದ ಕಿತ್ತಲೆ ತೋಟಗಳು, ಹಲ್ಲು ಸರಿಪಡಿಸಿ ಹುಬ್ಬು ತೆಗೆದು ಹೊಸ ಹೆಸರಿಟ್ಟ ಸ್ಟುಡಿಯೋ. ಮೈಸೂರಿನ ರೇಷ್ಮೆ ಕಾರ್ಖಾನೆಯ ಸೈರನ್ ಕೇಳಿಕೊಂಡು ಬೆಳೆದ ನನಗೆ ಅವರ ಊರು ಅಷ್ಟೇನೂ ದೂರ ಅನ್ನಿಸುತ್ತಿರಲಿಲ್ಲ. ಸಂಜೆ ಸಾರಿಗೆ ಒಗ್ಗರಣೆ ಹಾಕುವಾಗಲೂ ಆ ಧ್ವನಿ ಕಿವಿಯಲ್ಲೇ ಇರುತ್ತಿತ್ತು. ಒಂದು ಶನಿವಾರ ಮಧ್ಯಾಹ್ನ ಟೀವಿಯಲ್ಲಿ ಅವರ ಹಳೆಯ ಸಿನಿಮಾ ಬಂದಾಗ, ಪರದೆಯ ಮೇಲಿನ ಆ ಚಿಕ್ಕ ಪ್ರಾಯದ ಹೆಂಗಸು ನನಗೆ ಹೇಳಿಟ್ಟ ಗುಟ್ಟುಗಳನ್ನೆಲ್ಲ ಮರೆತು ನಟಿಸುತ್ತಿದ್ದಾಳೆ ಅನ್ನಿಸಿತು.

ಕೆಲಸದ ಕ್ರಮ ಹೀಗಿತ್ತು. ಅವರು ಬೆಳಿಗ್ಗೆ ಸೋಫಾದಲ್ಲಿ ಮಲಗಿ ಒಂದು ಗಂಟೆ ಹೇಳುತ್ತಿದ್ದರು. ಟೇಪಿನ ಮೇಲೆ ನಂಬರ್ ಬರೆದು ನನ್ನ ಮೇಜಿನ ಮೇಲಿಡುತ್ತಿದ್ದರು. ನಾನು ಒಂದು ಮೂಲ, ಎರಡು ಕಾರ್ಬನ್ ಪ್ರತಿ ತೆಗೆಯುತ್ತಿದ್ದೆ. ಮೂಲ ಪ್ರತಿ ಮ್ಯಾನ್‌ಹಟನ್ನಿನ ಪ್ರಕಾಶನದ ಸಂಪಾದಕರಿಗೆ ಅಂಚೆಯಲ್ಲಿ ಹೋಗುತ್ತಿತ್ತು. ಟೈಪ್ ಆದ ಟೇಪನ್ನು ಅಳಿಸಿ ಅವರು ಅದರ ಮೇಲೇ ಮುಂದಿನದನ್ನು ತುಂಬುತ್ತಿದ್ದರು. ಹೇಳಿ ಮುಗಿದ ಮೇಲೆ ತಮ್ಮ ಧ್ವನಿ ಮನೆಯಲ್ಲಿ ಬಿದ್ದಿರುವುದು ಅವರಿಗೆ ಹಿಡಿಸುತ್ತಿರಲಿಲ್ಲ. ನಾನು ಟೈಪ್ ಮಾಡಿದ್ದನ್ನೂ ಅವರು ಓದುತ್ತಿರಲಿಲ್ಲ. ಪುಸ್ತಕ ಮುಗಿದಾಗ ಒಟ್ಟಿಗೆ ಓದುತ್ತೇನೆ ಎನ್ನುತ್ತಿದ್ದರು.

ಸಂಪಾದಕರು ಫೋನಿನಲ್ಲಿ ಒಂದೇ ಮಾತು ಹೇಳಿದ್ದರು: "ಕೇಳಿದ್ದನ್ನು ಕೇಳಿದ ಹಾಗೇ ಟೈಪ್ ಮಾಡಿ. ಕೆಮ್ಮಿದರೆ ಕೆಮ್ಮಿದರು ಅಂತ ಹಾಕಿ."

ನಾನು ಹ್ಞೂಂಗುಟ್ಟಿದೆ. ಆದರೆ ಕೈ ಕೇಳಬೇಕಲ್ಲ! ಮೈಸೂರಿನ ಕಚೇರಿಯಲ್ಲಿ ನಾನು ಪಳಗಿದ ರೀತಿಯೇ ಬೇರೆ. ನಮ್ಮ ಸಾಹೇಬರು ಮೂಗಿನ ತುದಿಯಲ್ಲಿ ಕೋಪವಿದ್ದ ಮನುಷ್ಯ. "ಆ ದಡ್ಡನಿಗೆ ಕೊನೇ ಸಲ ಬರೀರಿ" ಎಂದು ಅವರು ಗುಡುಗಿದರೆ, ನಾನು "ಈ ವಿಷಯವನ್ನು ಮತ್ತೊಮ್ಮೆ ತಮ್ಮ ಅವಗಾಹನೆಗೆ ತರಬಯಸುತ್ತೇನೆ" ಎಂದು ಟೈಪ್ ಮಾಡಿ ಸಹಿಗೆ ಒಯ್ಯುತ್ತಿದ್ದೆ. ಸಾಹೇಬರು ಓದಿ ತಮ್ಮ ಸೌಜನ್ಯವನ್ನು ತಾವೇ ಮೆಚ್ಚಿ ಸಹಿ ಹಾಕುತ್ತಿದ್ದರು. ಹೇಳಿದವರ ಮರ್ಯಾದೆ ಕಾಯುವುದೇ ಒಳ್ಳೆಯ ಸ್ಟೆನೋ ಲಕ್ಷಣ ಎಂದು ನನ್ನ ತಲೆಗೆ ಹೊಕ್ಕುಬಿಟ್ಟಿತ್ತು. ಹಾಗಾಗಿ ನಟಿ ಯಾವುದೋ ನಿರ್ದೇಶಕನನ್ನು ಹಂದಿ ಎಂದರೆ ನಾನು "ಕಠಿಣ ಸ್ವಭಾವದವರು" ಎಂದು ಹಾಕುತ್ತಿದ್ದೆ. ಸಂಪಾದಕರು ಪುಟಗಳು ಬಹಳ ಸ್ವಚ್ಛವಾಗಿವೆ ಎಂದು ಹೊಗಳಿದಾಗ ಹಿಗ್ಗಿದೆ ಕೂಡ.

ಹದಿನೇಳನೆಯ ಟೇಪಿನಲ್ಲಿ ಅವರ ಧ್ವನಿ ಬದಲಾಗಿತ್ತು. ಮೊದಲು ಬಹಳ ಹೊತ್ತು ಬರೀ ಉಸಿರು, ಕಿಟಕಿಯಾಚೆಯ ಹಕ್ಕಿ. ಆಮೇಲೆ, "ನನಗೆ ಒಬ್ಬಳು ತಂಗಿ ಇದ್ದಾಳೆ. ಹೆಸರು ಡೋರಾ" ಎಂದರು.

ಚಿಕ್ಕಂದಿನಲ್ಲಿ ವಿಪರೀತ ಜ್ವರ ಬಂದು ಡೋರಾಳ ಮಾತು ಹೆಚ್ಚುಕಡಿಮೆ ನಿಂತೇಹೋಗಿತ್ತು, ಫಿಟ್ಸ್ ಬರತೊಡಗಿತ್ತು. ದೊಡ್ಡ ಮಗಳನ್ನು ಕರೆದುಕೊಂಡು ಕ್ಯಾಲಿಫೋರ್ನಿಯಾಕ್ಕೆ ಹೊರಟ ತಾಯಿ, ಚಿಕ್ಕವಳನ್ನು ನ್ಯೂಜೆರ್ಸಿಯಲ್ಲೇ ಒಂದು ಆಶ್ರಯ ಕೇಂದ್ರಕ್ಕೆ ಸೇರಿಸಿದಳು. ಸ್ಟುಡಿಯೋದವರಿಗೆ ತನಗೆ ಒಬ್ಬಳೇ ಮಗಳು ಎಂದಳು. ಪತ್ರಿಕೆಗಳೂ ಹಾಗೇ ಬರೆದವು. ಅಕ್ಕನೂ ಎಲ್ಲರೆದುರು ಹಾಗೇ ಹೇಳುತ್ತ ಬಂದರು. ತಾಯಿ ತೀರಿಕೊಂಡ ಮೇಲೆ ಈ ಕಡೆಗೆ ವಾಪಸು ಬಂದು ಮನೆ ಮಾಡಿದ್ದು ತಂಗಿಗಾಗಿಯೇ. ಪ್ರತಿ ಭಾನುವಾರ ಹೋಗಿ ನೋಡುತ್ತಿದ್ದರು. "ಪುಸ್ತಕದಲ್ಲಿ ನೀನಿರುತ್ತೀಯ ಎಂದು ಅವಳಿಗೆ ಮಾತು ಕೊಟ್ಟಿದ್ದೇನೆ. ಈ ಪುಸ್ತಕ ಬರೆಯುತ್ತಿರುವುದೇ ಅದಕ್ಕೆ" ಎಂದರು.

ನಾನು ಪೆಡಲ್ ಬಿಟ್ಟುಬಿಟ್ಟೆ.

ನನಗೂ ಒಬ್ಬಳು ಅಕ್ಕ ಇದ್ದಳು. ಅವಳಿಗೂ ಫಿಟ್ಸ್. ನನ್ನನ್ನು ನೋಡಲು ಗಂಡಿನ ಕಡೆಯವರು ಬರುವ ಹಿಂದಿನ ದಿನ ಅವಳನ್ನು ನಂಜನಗೂಡಿನ ಸೋದರಮಾವನ ಮನೆಗೆ ಕಳಿಸಿದರು. ಮದುವೆಗೂ ಕರೆಸಲಿಲ್ಲ. ಮದುವೆಯಾದ ತಿಂಗಳಿಗೇ ಯಜಮಾನರು ಅಮೆರಿಕಕ್ಕೆ ಹಾರಿದರು, ವರ್ಷದ ಮೇಲೆ ನಾನೂ ಬಂದೆ. ನಾನೇ ಮನೆಯ ಹಿರಿಯ ಮಗಳು ಎಂದು ಅವರು ನಂಬಿದ್ದರು. ಅಪ್ಪನ ಕಾಗದಗಳನ್ನು ಇಬ್ಬರೂ ಓದುತ್ತೇವಲ್ಲ, ಅದಕ್ಕೆ ಅಪ್ಪ ಕೊನೆಯ ಸಾಲಿನಲ್ಲಿ "ನಂಜನಗೂಡಿನವರು ಕ್ಷೇಮ" ಎಂದಷ್ಟೇ ಬರೆಯುತ್ತಿದ್ದರು. ನನಗೆ ಅಷ್ಟು ಸಾಕಿತ್ತು, ಅಥವಾ ಸಾಕೆಂದುಕೊಂಡಿದ್ದೆ.

ಅಂಥ ವಿಷಯವನ್ನು ಪುಸ್ತಕದಲ್ಲಿ ಹಾಕುವುದೇ? ಸತ್ತ ತಾಯಿಯನ್ನು ಬೀದಿಗೆಳೆಯುವುದೇ? ಪಾಪ, ದುಃಖದಲ್ಲಿ ಹೇಳಿಬಿಟ್ಟಿದ್ದಾರೆ, ನಾಳೆ ಪರಿತಪಿಸುತ್ತಾರೆ, ಇದನ್ನು ಸಂಭಾಳಿಸಬೇಕಾದವಳು ನಾನು ಅನ್ನಿಸಿತು. ಆ ಇಡೀ ಭಾಗದ ಬದಲು ಒಂದು ವಾಕ್ಯ ಟೈಪ್ ಮಾಡಿದೆ: "ಎಲ್ಲ ಕುಟುಂಬಗಳಂತೆ ನಮ್ಮದರಲ್ಲೂ ಕಾಯಿಲೆ ಕಷ್ಟಗಳಿದ್ದವು." ನಂಬಿ, ಆ ಸಂಜೆ ನನಗೆ ಒಂದು ಉಪಕಾರ ಮಾಡಿದ ಸಮಾಧಾನವಿತ್ತು.

ಗುರುವಾರ ಅವರು ಬಾಗಿಲಲ್ಲಿ ನಿಂತು, "ಡಿಯರ್, ಹದಿನೇಳು ಮುಗಿಯಿತಾ?" ಎಂದು ಕೇಳಿದರು.

"ಮುಗೀತು ಮ್ಯಾಡಮ್."

"ಈ ಭಾನುವಾರ ಆ ಅಧ್ಯಾಯವನ್ನು ಡೋರಾಗೆ ಓದಿ ಹೇಳ್ತೀನಿ. ನೀನೂ ಬಾ. ಟೈಪ್ ಮಾಡಿದವಳು ನೀನಲ್ಲವಾ, ಅವಳನ್ನೊಮ್ಮೆ ನೋಡು."

ಅವರು ನಾಯಿಯ ಜೊತೆ ಹೊರಗೆ ಹೋದದ್ದೇ ತಡ, ಆ ಟೇಪನ್ನು ಹುಡುಕಿದೆ. ಹದಿನೇಳು ಎಂಬ ಅಂಕಿಯನ್ನು ಹೊಡೆದು ಪಕ್ಕದಲ್ಲಿ ಇಪ್ಪತ್ತು ಎಂದು ಬರೆದಿತ್ತು. ಹಾಕಿ ಕೇಳಿದರೆ ಟೀವಿಯಲ್ಲಿ ನೆಲಕ್ಕೆ ಹಚ್ಚುವ ಪಾಲಿಶ್ ಜಾಹೀರಾತಿಗೆ ನಟಿಸಿದ ಕಥೆ. ಡೋರಾ ಅಳಿಸಿಹೋಗಿದ್ದಳು. ಅವಳ ಅಕ್ಕ ಜೀವ ಬಿಗಿಹಿಡಿದು ಹೇಳಿದ ಮಾತು ಈಗ ಜಗತ್ತಿನಲ್ಲಿ ಎಲ್ಲೂ ಇರಲಿಲ್ಲ. ಗುರುವಾರ, ಶುಕ್ರವಾರ ಎರಡೂ ದಿನ ಹೇಳಿಬಿಡೋಣ ಎಂದು ಬಾಯಿ ತೆರೆದೆ. ಎರಡೂ ದಿನ ಹೇಡಿಯಂತೆ ಬಾಯಿ ಮುಚ್ಚಿಕೊಂಡೆ.

ಭಾನುವಾರ ಅವರ ದೊಡ್ಡ ಸ್ಟೇಷನ್ ವ್ಯಾಗನ್ನಿನಲ್ಲಿ ಹೋದೆವು. ಕೇಂದ್ರದ ಹಿಂಬದಿಯಲ್ಲಿ ಗಾಜಿನ ಗೋಡೆಯ ಒಂದು ಕೋಣೆ, ತುಂಬ ಬಿಸಿಲು, ಸಾಲಾಗಿ ಜೆರೇನಿಯಂ ಕುಂಡಗಳು. ಹಳದಿ ಸ್ವೆಟರ್ ತೊಟ್ಟು, ತಲೆ ಬಾಚಿ ಕ್ಲಿಪ್ ಹಾಕಿಸಿಕೊಂಡು, ಸುಮಾರು ಐವತ್ತರ ಹೆಂಗಸು ಕಾಯುತ್ತಿದ್ದರು. ಅಕ್ಕನದೇ ಮೂಗು, ಅಕ್ಕನದೇ ಗದ್ದ. ನನ್ನ ಸೀರೆಯ ಸೆರಗನ್ನು ಎರಡು ಬೆರಳಲ್ಲಿ ಹಿಡಿದು ನೋಡಿ, "ಸಿಲ್ಕ್" ಎಂದರು. ಅವರಿಗೆ ಬರುತ್ತಿದ್ದ ಹತ್ತು ಹನ್ನೆರಡು ಮಾತುಗಳಲ್ಲಿ ಅದೂ ಒಂದು.

ನಟಿ ಕನ್ನಡಕ ಹಾಕಿಕೊಂಡು ಓದಲು ಶುರುಮಾಡಿದರು. ಮೊದಲೆರಡು ಪುಟ ಗಿರಣಿಯ ಊರಿನದು. ಮೂರನೆಯ ಪುಟದ ನಡುವೆ ನಾನು ಟೈಪ್ ಮಾಡಿದ ಆ ಒಂದು ವಾಕ್ಯ ಬಂತು. ಅವರು ನಿಂತರು. ಕಣ್ಣು ಪುಟದ ಕೆಳಗಿನವರೆಗೆ ಇಳಿಯಿತು. ಮುಂದಿನ ಪುಟ ತಿರುವಿದರು, ಮತ್ತೆ ಹಿಂದಕ್ಕೆ ಬಂದರು. ಒಂದು ಉಸಿರಿನಷ್ಟು ಹೊತ್ತು. ಡೋರಾ ತಮ್ಮ ಹೆಸರು ಬರುತ್ತದೆಂದು ಬಾಯಿ ಅರ್ಧ ತೆರೆದು ಅವರ ಮುಖವನ್ನೇ ನೋಡುತ್ತಿದ್ದರು. ನಾನು ಭೂಮಿ ಬಾಯಿಬಿಡಬಾರದೇ ಎಂದುಕೊಂಡೆ.

ಅವರು ಓದನ್ನು ಮುಂದುವರಿಸಿದರು.

"'ಸ್ಟೇಷನ್ನಿನಲ್ಲಿ ಅಮ್ಮನ ಕೈಯಲ್ಲಿ ಎರಡೇ ಟಿಕೇಟು. ಡೋರಾ ನೀಲಿ ಕೋಟು ತೊಟ್ಟಿದ್ದಳು. ಅವಳು ಬರುತ್ತಿಲ್ಲ ಎಂದು ಅವಳಿಗೆ ಯಾರೂ ಹೇಳಿರಲಿಲ್ಲ. ಅವಳು ತನ್ನ ಪುಟ್ಟ ಪೆಟ್ಟಿಗೆಯನ್ನೂ ತಂದಿದ್ದಳು.'"

ಪುಟದಲ್ಲಿ ಅದರ ಒಂದಕ್ಷರವೂ ಇರಲಿಲ್ಲ. ಕಣ್ಣು ಸಾಲಿನಿಂದ ಸಾಲಿಗೆ ಸರಿಯುತ್ತಿತ್ತು, ಸರಿಯಾದ ಹೊತ್ತಿಗೆ ಬೆರಳು ಪುಟ ತಿರುವುತ್ತಿತ್ತು. "'ರೈಲು ಹೊರಟಾಗ ಡೋರಾ ಕೈ ಬೀಸಿದಳು. ನಾನು ಬೀಸಲಿಲ್ಲ. ಪಕ್ಕದಲ್ಲಿ ಕೂತ ಹೆಂಗಸು ಅದು ಯಾರು ಎಂದು ಕೇಳಿದಳು. ಗೊತ್ತಿಲ್ಲ ಎಂದೆ. ಅಮ್ಮ ಹೇಳಿಕೊಟ್ಟಿರಲಿಲ್ಲ, ಆ ಸುಳ್ಳು ನನ್ನದೇ.'" ಡೋರಾ ಎಂಬ ಹೆಸರು ಬಂದಾಗಲೆಲ್ಲ ತಂಗಿ ಅಂಗೈಯಿಂದ ತಮ್ಮ ಎದೆ ತಟ್ಟಿಕೊಳ್ಳುತ್ತಿದ್ದರು. ಬಿಸಿಲಿನಲ್ಲಿ ಆ ಹಳದಿ ಸ್ವೆಟರ್, ಆ ಧ್ವನಿ, ಎದೆ ತಟ್ಟುವ ಮೆತ್ತಗಿನ ಸದ್ದು. ನಾನು ಅಲ್ಲಿ ಕೂತಿದ್ದೇನೋ ಅಥವಾ ಮತ್ತೆ ಕಿವಿಗೆ ಹೆಡ್‌ಫೋನ್ ಹಾಕಿಕೊಂಡಿದ್ದೇನೋ ತಿಳಿಯದ ಹಾಗಾಯಿತು. ಒಂಬತ್ತನೆಯ ಪುಟದ ಕೊನೆಗೆ ಸರಿಯಾಗಿ ಮುಗಿಸಿ, ಹಾಳೆಗಳನ್ನು ಜೋಡಿಸಿ, ಕನ್ನಡಕ ತೆಗೆದರು. ಅವರ ಸಿನಿಮಾಗಳಲ್ಲಿ ನಾನು ನೋಡಿದ್ದು ಒಂದೆರಡು. ಇದಕ್ಕಿಂತ ದೊಡ್ಡ ನಟನೆಯನ್ನು ಎಲ್ಲೂ ನೋಡಿಲ್ಲ.

ಕಾರಿನಲ್ಲಿ ಕೂತ ಮೇಲೆ ಅವರು ಕೀಲಿ ತಿರುಗಿಸಲಿಲ್ಲ.

"ಟೇಪ್ ಕೆಟ್ಟಿತ್ತಾ?" ಎಂದರು.

ನನಗೆ ದಾರಿ ಬಿಟ್ಟುಕೊಟ್ಟಿದ್ದರು. ಹೌದು ಎಂದಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಹೌದು ಎಂಬ ಮಾತು ನಾಲಿಗೆಯ ತುದಿಗೂ ಬಂತು. ಹಿಂದೆ ತಿರುಗಿ ನೋಡಿದರೆ ಗಾಜಿನ ಗೋಡೆಗೆ ಅಂಗೈ ಒತ್ತಿಕೊಂಡು ಡೋರಾ ನಿಂತಿದ್ದರು.

"ಇಲ್ಲ ಮ್ಯಾಡಮ್. ಎಲ್ಲ ಚೆನ್ನಾಗೇ ಕೇಳಿಸ್ತು. ನಾನೇ ಬಿಟ್ಟೆ."

"ಯಾಕೆ?"

"ನಿಮ್ಮ ತಾಯಿಗೆ ಕೆಟ್ಟ ಹೆಸರು ಬರುತ್ತೆ ಅಂತ."

"ನನ್ನ ತಾಯಿಯ ಹೆಸರು ಕಾಯೋದಕ್ಕೆ ನೀನು ಯಾರು?"

ಆಗ ನಂಜನಗೂಡಿನ ವಿಷಯವನ್ನೆಲ್ಲ ಹೇಳಿದೆ. ಸಮಾಧಾನ ಮಾಡುತ್ತಾರೆ ಎಂದುಕೊಂಡಿದ್ದೆನೇನೋ. ಅವರು ಮಾಡಲಿಲ್ಲ.

"ಹಾಗಾದರೆ ನೀನು ಟೈಪ್ ಮಾಡಿದ್ದು ನನ್ನ ಪುಸ್ತಕ ಅಲ್ಲ, ನಿನ್ನದು," ಎಂದರು. ಆಮೇಲೆ ಸ್ಟಿಯರಿಂಗ್ ಮೇಲೆ ಹಣೆಯಿಟ್ಟರು. "ಅದನ್ನು ಇನ್ನೊಮ್ಮೆ ಹೇಳೋ ಶಕ್ತಿ ನನಗಿಲ್ಲ. ಎರಡು ಸಲ ಹೇಳಿದೆ. ಸಾಕು."

ಆ ಕ್ಷಣ ನನಗೆ ಎಲ್ಲಿಂದ ಧೈರ್ಯ ಬಂತೋ. ಅವರ ಮಡಿಲಲ್ಲಿದ್ದ ಒಂಬತ್ತು ಹಾಳೆಗಳನ್ನು ಎತ್ತಿಕೊಂಡು ಖಾಲಿ ಬದಿ ಮೇಲೆ ಬರುವ ಹಾಗೆ ತಿರುಗಿಸಿದೆ. "ಪೆನ್ಸಿಲ್ ಕೊಡಿ. ಒಳಗೆ ನೀವು ಹೇಳಿದ್ದು ಇನ್ನೂ ನನ್ನ ಕಿವಿಯಲ್ಲಿದೆ. ಮನೆ ಮುಟ್ಟೋವರೆಗೂ ಒಂದು ಮಾತೂ ಆಡಬೇಡಿ" ಎಂದೆ. ಸ್ಟೆನೋ ಆದವಳಿಗೆ ಇರುವ ಒಂದೇ ಶಕ್ತಿ ಅದು. ಸಾಹೇಬರು ನಡೆಯುತ್ತ ಹೇಳಿದ ಇಡೀ ಕಾಗದವನ್ನು ಮೇಜಿಗೆ ಬರುವವರೆಗೆ ತಲೆಯಲ್ಲಿ ಹಿಡಿದಿಟ್ಟುಕೊಂಡು ಅಭ್ಯಾಸವಿತ್ತು. ಅವರು ನಿಧಾನವಾಗಿ ಕಾರು ಓಡಿಸಿದರು. ಅಕ್ಕಪಕ್ಕ ಜೋಳದ ಹೊಲಗಳು ಹಿಂದಕ್ಕೆ ಸರಿದವು. ನಾನು ತಲೆಯೆತ್ತದೆ ಶಾರ್ಟ್‌ಹ್ಯಾಂಡಿನಲ್ಲಿ ಬರೆದೆ. ನೀಲಿ ಕೋಟು, ಪುಟ್ಟ ಪೆಟ್ಟಿಗೆ, ಬೀಸದ ಕೈ. ಯಾವ ಪದವನ್ನೂ ತಿದ್ದಲಿಲ್ಲ.

ಸೋಮವಾರ ಟೈಪ್ ಮಾಡಿದ ಹಾಳೆಗಳನ್ನು ಅವರೆದುರು ನಿಂತು ಓದಿ ಹೇಳಿದೆ. ಎರಡು ಕಡೆ ಕೈಯೆತ್ತಿ ನಿಲ್ಲಿಸಿ ಸರಿಪಡಿಸಿದರು. ಮುಗಿದ ಮೇಲೆ, "ಈಗ ಒಂದನೆಯ ಟೇಪಿನ ಕಾರ್ಬನ್ ಪ್ರತಿಯಿಂದ ಓದೋಕೆ ಶುರುಮಾಡು. ಇನ್ನೂ ಏನೇನು ತೊಳೆದಿದ್ದೀಯೋ ನೋಡೋಣ" ಎಂದರು. ಕೆಲಸದಿಂದ ತೆಗೆಯುತ್ತಾರೆ ಎಂದು ನಾನು ಕೈಚೀಲ ಸಿದ್ಧ ಮಾಡಿಟ್ಟುಕೊಂಡಿದ್ದೆ. ಅದನ್ನು ಕುರ್ಚಿಯ ಕೆಳಗೆ ತಳ್ಳಿ ಕೂತೆ.

ಎರಡು ತಿಂಗಳು ಹಿಡಿಯಿತು. ನಾನು ಓದುವುದು, ಅವರು ಕಣ್ಣು ಮುಚ್ಚಿ ಕೇಳುವುದು. ತಮ್ಮದಲ್ಲದ ಮಾತು ಬಂದ ಕೂಡಲೇ ಹುಬ್ಬು ಗಂಟಾಗುತ್ತಿತ್ತು. "ಕಠಿಣ ಸ್ವಭಾವದವರು" ಎಂಬಲ್ಲಿ ಒಂದು ಕಣ್ಣು ತೆರೆದು ನನ್ನನ್ನು ನೋಡಿದರು. ನಾನೇ, "ಹಂದಿ" ಎಂದೆ. ಅಂದು ಇಬ್ಬರೂ ಮೊದಲ ಸಲ ನಕ್ಕೆವು. ತಡವಾಯಿತೆಂದು ಸಂಪಾದಕರು ಸಿಡಿಮಿಡಿಗೊಂಡರು. ಡೋರಾಳ ಅಧ್ಯಾಯ ತಲುಪಿದ ಮೇಲೆ ಪ್ರಕಾಶನದ ವಕೀಲರು, ಹೆಸರು ಬೇಡ, ಒಂದು ಅಕ್ಷರ ಹಾಕಿದರೆ ಸಾಕು, ಇಲ್ಲವಾದರೆ ಆ ಭಾಗವನ್ನೇ ಕೈಬಿಡೋಣ ಎಂದರಂತೆ. ನಟಿ ಫೋನಿನಲ್ಲಿ ದನಿಯೆತ್ತದೆ ಹೇಳಿದ್ದನ್ನು ನಾನು ಪಕ್ಕದಲ್ಲೇ ಕೂತು ಕೇಳಿದೆ: "ಡೋರಾ ಇಲ್ಲ ಅಂದರೆ ಪುಸ್ತಕವೂ ಇಲ್ಲ. ನನ್ನ ಹೆಸರು ಬೇಕಾದರೆ ತೆಗೆಯಿರಿ." ವಾರದ ಮೇಲೆ ಪ್ರಕಾಶನದವರು ಒಪ್ಪಿದರು. ಕೊನೆಯ ಕಟ್ಟನ್ನು ಅಂಚೆಗೆ ಹಾಕಿದ ದಿನ ಆ ಅಧ್ಯಾಯದ ಒಂದು ಕಾರ್ಬನ್ ಪ್ರತಿಯನ್ನು ಅವರು ಭಾನುವಾರಕ್ಕೆಂದು ತೆಗೆದಿಟ್ಟುಕೊಂಡರು. ಈ ಸಲ ನಿಜವಾಗಿ ಓದಲು.

ಆ ಸಂಜೆ ಐದೂವರೆಗೆ ಯಜಮಾನರು ಬಂದರು. ಕಾಲುವೆಯ ಮೇಲೆ ಎಲೆಗಳು ತೇಲುತ್ತಿದ್ದವು. ಸೇತುವೆ ದಾಟಿದ ಮೇಲೆ ಹೇಳಿದೆ.

"ರೀ, ನನಗೊಬ್ಬಳು ಅಕ್ಕ ಇದ್ದಾಳೆ."

"ಯಾವ ಅಕ್ಕ? ನೀನೇ ಅಲ್ವಾ ದೊಡ್ಡೋಳು?"

"ಅಲ್ಲ. ನಾನು ಎರಡನೆಯೋಳು. ಅವಳಿಗೆ ಫಿಟ್ಸ್ ಬರುತ್ತೆ. ನೀವು ನನ್ನ ನೋಡೋಕೆ ಬಂದಾಗ ನಂಜನಗೂಡಿಗೆ ಕಳಿಸಿದ್ರು. ನಾನೂ ಬೇಡ ಅನ್ನಲಿಲ್ಲ."

ಎರಡು ಟ್ರಾಫಿಕ್ ಲೈಟ್ ದಾಟಿದೆವು. ನನಗೆ ಅಳು ಬರುತ್ತಿತ್ತು, ಅತ್ತರೆ ಅದೂ ಒಂದು ನಾಟಕವಾದೀತೆಂದು ತಡೆದುಕೊಂಡೆ.

"ನಾಲ್ಕು ವರ್ಷ," ಎಂದರು ಕೊನೆಗೆ. "ನಾಲ್ಕು ವರ್ಷದಲ್ಲಿ ಒಂದಿನನಾದ್ರೂ ಹೇಳ್ಬೇಕು ಅನ್ನಿಸ್ಲಿಲ್ವೇನೇ ನಿನಗೆ?"

"ಹೆದರಿಕೆ."

"ಹ್ಞೂಂ. ಆಗ ಹೇಳಿದ್ರೆ ನಮ್ಮಮ್ಮ ಈ ಮದುವೆ ಮಾಡ್ತಿರಲಿಲ್ಲ. ಅದೂ ನಿಜವೇ." ಅಪಾರ್ಟ್‌ಮೆಂಟಿನ ಎದುರು ಕಾರು ನಿಲ್ಲಿಸಿದರು. ಇಂಜಿನ್ ಆರಿಸಿದರು, ಆದರೆ ಇಳಿಯಲಿಲ್ಲ. ನನ್ನ ಕಡೆ ತಿರುಗಿದರು.

"ಅವರ ಹೆಸರೇನು?"

"ವಿಶಾಲಾಕ್ಷಿ," ಎಂದೆ. "ಮನೆಯಲ್ಲಿ ವಿಶಾಲು ಅಂತೀವಿ."